ಐವತ್ತು ಮೀಟರಿನ ಗೆರೆ

ಆ ಬೀದಿಯಲ್ಲಿ ಅವಳನ್ನು ಹೆಸರು ಹಿಡಿದು ಕರೆಯುವವರು ಯಾರೂ ಉಳಿದಿರಲಿಲ್ಲ. ಬಡಗಿಗಳಿಗೆ, ಕಟ್ಟಡದ ಗುತ್ತಿಗೆದಾರರಿಗೆ, ಎದುರಿನ ಬಣ್ಣದಂಗಡಿಯವನಿಗೆ, ಕಡೆಗೆ ಕರೆಂಟ್ ಬಿಲ್ಲು ಕೊಡಲು ಬರುವವನಿಗೂ ಅವಳು ಗಾಜಿನಕ್ಕ. ಅವಳಿಗಿಂತ ಹತ್ತು ವರ್ಷ ದೊಡ್ಡವರೂ ಸಂಕೋಚವಿಲ್ಲದೆ ಅಕ್ಕ ಎನ್ನುತ್ತಿದ್ದರು. ಐವತ್ತೆರಡರ ಹೆಂಗಸು, ಕುಳ್ಳು, ಗಟ್ಟಿ ಮೈಕಟ್ಟು. ಗಾಜು ಕೊಯ್ಯುವ ಕಡ್ಡಿಯನ್ನು ಉಸಿರು ಬಿಗಿಹಿಡಿದು ಒಂದೇ ಎಳೆತಕ್ಕೆ ಎಳೆದು, ಶೀಟನ್ನು ಮೇಜಿನ ಅಂಚಿಗೆ ತಂದು ಹೆಬ್ಬೆರಳಿನಿಂದ ಒಮ್ಮೆ ಒತ್ತಿದರೆ ಸಾಕು, ಗಾಜು ಹೇಳಿದ ಮಾತು ಕೇಳುವ ಹಾಗೆ ಎರಡಾಗುತ್ತಿತ್ತು. ಗಾಜಿನ ಹತ್ತಿರ ಜಬರ್ದಸ್ತಿ ನಡೆಯುವುದಿಲ್ಲ ಎನ್ನುವುದು ಅವಳು ಹೊಸಬರಿಗೆ ಹೇಳಿಕೊಡುತ್ತಿದ್ದ ಒಂದೇ ಪಾಠ.

ಅವಳ ಗಂಡ ಮೊದಲು ಹಮಾಲನಾಗಿದ್ದ. ಬೀದಿಯ ತಿರುವಿನಲ್ಲಿ, ತಗಡಿನ ಮಾಡಿನ ಕೆಳಗೆ, ಹಮಾಲರ ಸಂಘದ ಕಚೇರಿ. ಅಲ್ಲಿ ನೀಲಿ ಅಂಗಿ ತೊಟ್ಟು ಹನ್ನೆರಡು ವರ್ಷ ಮೂಟೆ ಹೊತ್ತವನು. ಬೆನ್ನು ಕೈಕೊಟ್ಟ ಮೇಲೆ ಒಂದು ಮೇಜು, ಒಂದು ಕಡ್ಡಿ, ಗೋಡೆಗೆ ಒರಗಿಸಿದ ನಾಲ್ಕು ಶೀಟು ಇಟ್ಟುಕೊಂಡು ಅಂಗಡಿ ತೆರೆದ. ಅವನ ಜೊತೆ ಅವಳೂ ಕಲಿತಳು. ಎರಡೇ ವರ್ಷದಲ್ಲಿ ಅವನಿಗಿಂತ ಅವಳ ಕೈಯೇ ನೆಟ್ಟಗಾಯಿತು. ಹನ್ನೊಂದು ವರ್ಷದ ಹಿಂದೆ ಒಂದು ಮಧ್ಯಾಹ್ನ ಅವನು ಎದೆ ಹಿಡಿದುಕೊಂಡು ನೆಲಕ್ಕೆ ಕೂತಾಗ, ಗಾಡಿಗೂ ಕಾಯದೆ ಅವನನ್ನು ಹೆಗಲಿಗೆ ಹಾಕಿಕೊಂಡು ಆಸ್ಪತ್ರೆಯವರೆಗೆ ಓಡಿದವನು ಸಂಘದ ಮೇಸ್ತ್ರಿ. ಒಂದು ಕಾಲದಲ್ಲಿ ಇಬ್ಬರೂ ಒಂದೇ ಜೋಡಿಯಾಗಿ ದುಡಿದವರು. ಗಂಡ ಉಳಿಯಲಿಲ್ಲ. ಮೇಸ್ತ್ರಿ ಅವಳನ್ನು ಮೊದಲಿನಿಂದಲೂ ಅತ್ತಿಗೆ ಎನ್ನುತ್ತಿದ್ದ, ಆಮೇಲೂ ಹಾಗೆಯೇ ಕರೆದ. ಜಗಳ ಕೋರ್ಟು ಹತ್ತಿದ ಮೇಲೂ ಅದನ್ನು ಬಿಡಲಿಲ್ಲ.

ಸಂಘದಲ್ಲಿ ಇಪ್ಪತ್ತೆರಡು ಜನ. ಸಿಮೆಂಟಿನ ಚೀಲವಿರಲಿ, ಟೈಲ್ಸಿನ ಪೆಟ್ಟಿಗೆಯಿರಲಿ, ಆ ಬೀದಿಯಲ್ಲಿ ಲಾರಿಯಿಂದ ಏನಿಳಿದರೂ ಅದು ಅವರ ಹೆಗಲ ಮೇಲೆಯೇ ಇಳಿಯಬೇಕು ಎನ್ನುವುದು ಹಳೆಯ ಕಟ್ಟಳೆ. ಗಾಜಿನಕ್ಕನಿಗೂ ಅದರ ಬಗ್ಗೆ ತಕರಾರಿರಲಿಲ್ಲ. ಆದರೆ ವರ್ಷ ಕಳೆದಂತೆ ಗಾಜು ದೊಡ್ಡದಾಯಿತು. ಮೊದಲು ಕಿಟಕಿಗೆ ಹಾಕುವ ಮೊಳದುದ್ದದ ತುಂಡುಗಳು ಬರುತ್ತಿದ್ದವು. ಈಗ ಅಂಗಡಿಗಳ ಮುಂಭಾಗಕ್ಕೆ, ಕಚೇರಿಗಳ ಗೋಡೆಗೆ ಆಳೆತ್ತರ ಮೀರಿದ ಶೀಟುಗಳು. ಅವನ್ನು ಮೂಟೆಯ ಹಾಗೆ ಹೊರಲಾಗುವುದಿಲ್ಲ. ಅವಳು ಗಾಜಿಗೆ ಕಚ್ಚಿಕೊಳ್ಳುವ ರಬ್ಬರ್ ಹಿಡಿಕೆಗಳನ್ನು ತರಿಸಿದಳು, ಗಾಲಿಯ ಸ್ಟ್ಯಾಂಡ್ ಮಾಡಿಸಿದಳು, ತನ್ನ ಇಬ್ಬರು ಕೆಲಸಗಾರರನ್ನು ಗಾಜಿನ ಕಾರ್ಖಾನೆಗೆ ಕಳಿಸಿ ಒಂದು ತಿಂಗಳು ಕಲಿಸಿದಳು.

ಇಬ್ಬರಲ್ಲಿ ಹಿರಿಯವನು ಗಂಡನ ಕಾಲದಿಂದಲೂ ಇದ್ದವನು. ಯಾವುದನ್ನೇ ಆಗಲಿ ಮೂರು ಸಲ ಅಳೆಯದೆ ಮುಟ್ಟುತ್ತಿರಲಿಲ್ಲವಾದ್ದರಿಂದ ಅವನು ಎಲ್ಲರ ಬಾಯಲ್ಲಿ ಅಳತೆಯಣ್ಣ. ಹೆಣ್ಣು ನೋಡಲು ಹೋದಾಗಲೂ ಜೇಬಿನಲ್ಲಿ ಟೇಪ್ ಇಟ್ಟುಕೊಂಡಿದ್ದನಂತೆ ಎಂದು ಬಡಗಿಗಳು ನಗಾಡುತ್ತಿದ್ದರು. ಅವನು ಬೇಸರಿಸದೆ, "ಇಟ್ಕೊಂಡಿದ್ದೆ. ಬಾಗಿಲಿಗಿಂತ ಎರಡಿಂಚು ಕಮ್ಮಿ ಇದ್ಲು, ಕರ್ಕೊಂಡು ಬಂದೆ" ಎನ್ನುತ್ತಿದ್ದ. ಇನ್ನೊಬ್ಬ ಕೆಲಸಗಾರ ಅವನ ಹೆಂಡತಿಯ ತಮ್ಮ, ಮೂವತ್ತು ದಾಟಿದವನು, ಭಾವನ ಬಾಯಿ ನೋಡಿ ಕೆಲಸ ಮಾಡುವವನು.

ನಿಮ್ಮವರೇ ಇಳಿಸಿಕೊಳ್ಳಲಿ, ಆದರೆ ನಮ್ಮ ಕೂಲಿ ನಮಗೆ ಬರಬೇಕು ಎಂದಿತು ಸಂಘ. ಅವಳು ಒಪ್ಪಿದಳು. ಒಂದು ವರ್ಷ ಹಾಗೆಯೇ ನಡೆಯಿತು: ಅಳತೆಯಣ್ಣ ಮತ್ತು ಅವನ ಭಾವಮೈದ ಗಾಜು ಇಳಿಸುವುದು, ನೀಲಿ ಅಂಗಿಯವರು ಕೈಕಟ್ಟಿ ನಿಂತು ನೋಡಿ ಕೂಲಿ ಪಡೆಯುವುದು. ನಿಂತು ನೋಡುವುದು ಅವರಲ್ಲೂ ಕೆಲವರಿಗೆ ಹಿಡಿಸಲಿಲ್ಲ. ಸುಮ್ಮನೆ ದುಡ್ಡು ತೆಗೆದುಕೊಳ್ಳುತ್ತಾರೆ ಎಂಬ ಮಾತು ಬೇಡವೆಂದು ಒಂದು ದಿನ ಪಟ್ಟು ಹಿಡಿದು ತಾವೇ ಇಳಿಸಲು ಬಂದರು. ಜೊತೆಗೆ ಹೊಸದಾಗಿ ಸಂಘ ಸೇರಿದ ಒಬ್ಬ. ಮೂರನೆಯ ಶೀಟು ಅವನ ಕೈಯಲ್ಲೇ ಬಿರಿಯಿತು. ಮೊಣಕೈಯಿಂದ ಮಣಿಕಟ್ಟಿನವರೆಗೆ ಸೀಳಿಹೋಗಿತ್ತು. ಗಾಜಿನಕ್ಕ ತನ್ನ ಮೇಲಂಗಿಯನ್ನೇ ಬಿಗಿದು ಕಟ್ಟಿ, ಅವನ ತಲೆಯನ್ನು ತೊಡೆಯ ಮೇಲಿಟ್ಟುಕೊಂಡು ಆಸ್ಪತ್ರೆಗೆ ಕರೆದೊಯ್ದಳು. ಕೈ ಉಳಿಯಿತು, ಬೆರಳುಗಳು ಮಡಚಲಿಲ್ಲ.

ಮರುದಿನ ಅವಳು ಸಂಘದ ಕಚೇರಿಗೆ ಹೋಗಿ, ಇನ್ನು ಮುಂದೆ ನನ್ನ ಗಾಜಿಗೆ ನನ್ನ ಜನರ ಕೈ ಮಾತ್ರ, ಕೂಲಿಯೂ ಅವರಿಗೆ ಮಾತ್ರ ಎಂದು ಹೇಳಿ ಬಂದಳು. ಸಂಜೆ ಮೇಸ್ತ್ರಿ ಅಂಗಡಿಗೆ ಬಂದ. ಕೂತುಕೊಳ್ಳಲಿಲ್ಲ.

"ಇವತ್ತು ನೀವು ಹೀಗಂತೀರಿ ಅತ್ತಿಗೆ. ನಾಳೆ ಟೈಲ್ಸ್‌ನವನು ಅಂತಾನೆ, ನಾಳಿದ್ದು ಸಿಮೆಂಟಿನವನು ಅಂತಾನೆ. ಇಪ್ಪತ್ತೆರಡು ಮನೆ ಒಲೆ ಉರೀಬೇಕು. ನಾನು ಎಲ್ಲಿಗೆ ಹೋಗ್ಲಿ?"

"ಆ ಹುಡುಗನ ಕೈಯೊಳಗಿನ ಮೂಳೆ ನೋಡಿದೀನಿ ನಾನು," ಎಂದಳು ಅವಳು. "ಇನ್ನೊಂದು ಸಲ ನೋಡಕ್ಕಾಗಲ್ಲ."

ಅವನು ಹೊರಟುಹೋದ. ಮರುದಿನದಿಂದ ಅಂಗಡಿಯ ಮುಂದೆ ನೀಲಿ ಅಂಗಿಗಳು ಕೂತವು.

ಮೊದಮೊದಲು ಅದರಲ್ಲಿ ಒಂದು ಬಗೆಯ ಮರ್ಯಾದೆಯಿತ್ತು. ಬೆಳಿಗ್ಗೆ ಒಂಬತ್ತಕ್ಕೆ ಮೇಸ್ತ್ರಿ ಬಾಗಿಲಿಗೆ ಬಂದು, "ಅತ್ತಿಗೆ, ಒಳಗೆ ಕೂತ್ಕೊಳ್ಳಿ, ಈಗ ಸ್ವಲ್ಪ ಕೂಗ್ತೀವಿ" ಎಂದು ಹೇಳಿ ಹೋಗುತ್ತಿದ್ದ. ಅವಳು ಒಳಗೆ ಹೋಗುತ್ತಿದ್ದಳು, ಅವರು ಅವಳಿಗೆ ಧಿಕ್ಕಾರ ಕೂಗುತ್ತಿದ್ದರು. ಹತ್ತೂವರೆಗೆ ಗಂಟಲು ಒಣಗಿದ ಮೇಲೆ ಅವಳ ಅಂಗಡಿಯ ನಲ್ಲಿಯಿಂದಲೇ ನೀರು ಹಿಡಿದು ಕುಡಿಯುತ್ತಿದ್ದರು. ಆದರೆ ತಿಂಗಳು ಕಳೆಯುತ್ತಿದ್ದಂತೆ ಮೇಸ್ತ್ರಿಯ ಹಿಡಿತ ಸಡಿಲಾಯಿತು. ಶಟರಿನ ಬೀಗದೊಳಗೆ ಯಾರೋ ಅಂಟು ಸುರಿದರು. ಗಾಜು ಕೊಯ್ಯಿಸಲು ಬಂದ ಬಡಗಿಯ ಅಳತೆ ಚೀಟಿ ಕಿತ್ತು ಚರಂಡಿಗೆ ಎಸೆದರು. ಕಾರ್ಖಾನೆಯ ಲಾರಿಯ ಡ್ರೈವರನನ್ನು ಕೆಳಗೆಳೆದು ಕೆನ್ನೆಗೆ ಬಾರಿಸಿದರು. ಆತ ಗಾಜನ್ನು ಇಳಿಸದೆಯೇ ಲಾರಿ ತಿರುಗಿಸಿಕೊಂಡು ಹೋದ. ಅವಳ ಮಗಳು ಔಷಧಿ ಅಂಗಡಿಯೊಂದರಲ್ಲಿ ಕೆಲಸಕ್ಕಿದ್ದಳು. ಇಬ್ಬರು ಅಲ್ಲಿಗೇ ಹೋಗಿ, ಏನೂ ಕೊಳ್ಳದೆ, ಏನೂ ಆಡದೆ, ದಿನವಿಡೀ ಎದುರಿಗೆ ನಿಂತರು. ಮೂರನೆಯ ದಿನ ಔಷಧಿ ಅಂಗಡಿಯವನು ಮಗಳಿಗೆ ಕೆಲವು ದಿನ ಮನೆಯಲ್ಲೇ ಇರಲು ಹೇಳಿದ.

ಗಾಜಿನಕ್ಕ ಪೊಲೀಸ್ ಠಾಣೆಗೆ ಮೂರು ಸಲ ಹೋದಳು. ಇನ್‌ಸ್ಪೆಕ್ಟರು ಮೂರು ಸಲವೂ, ಇದು ಮಾಲೀಕರು ಮತ್ತು ಕಾರ್ಮಿಕರ ನಡುವಿನ ವ್ಯವಹಾರ, ನಾವು ತಲೆಹಾಕುವಂತಿಲ್ಲ ಎಂದರು. ಕಡೆಗೆ ಮಗಳೇ ಯಾರನ್ನೋ ಕೇಳಿ ಒಬ್ಬ ವಕೀಲರನ್ನು ಹುಡುಕಿದಳು. ಅರ್ಜಿ ಹಾಕಿ ಆರು ವಾರವಾದ ಮೇಲೆ ಕೋರ್ಟಿನಲ್ಲಿ ಅವಳ ಸರದಿ ಬಂತು. ಒಂದು ಕಿಟಕಿಯ ಗಾಜು ಕೊಯ್ಯುವಷ್ಟು ಹೊತ್ತಿನಲ್ಲಿ ಎಲ್ಲ ಮುಗಿದುಹೋಯಿತು. ನ್ಯಾಯಾಧೀಶರು ಹಾಳೆ ತಿರುವಿದರು, ಎರಡೂ ಕಡೆಯ ವಕೀಲರು ಒಂದೊಂದು ಮಾತಾಡಿದರು, ಆದೇಶ ಬಂತು. ತನ್ನ ಸರಕನ್ನು ತನ್ನ ಕೆಲಸಗಾರರಿಂದ ಇಳಿಸಿಕೊಳ್ಳುವ ಹಕ್ಕು ಅಂಗಡಿಯವರಿಗಿದೆ. ಪೊಲೀಸರು ಅದಕ್ಕೆ ರಕ್ಷಣೆ ಕೊಡತಕ್ಕದ್ದು. ಸಂಘದವರು ಶಾಂತವಾಗಿ ಪ್ರತಿಭಟಿಸಬಹುದು, ಆದರೆ ಅಂಗಡಿಯಿಂದ ಐವತ್ತು ಮೀಟರ್ ಆಚೆ. ಕೂಲಿಯ ತಕರಾರನ್ನು ಕಾರ್ಮಿಕ ಅಧಿಕಾರಿಯ ಮುಂದೆ ಇಟ್ಟುಕೊಳ್ಳಲಿ.

ಮೆಟ್ಟಿಲಿಳಿಯುವಾಗ ವಕೀಲರು, ಗೆದ್ದಿರಿ ಎಂದರು. ಅವಳಿಗೂ ಎದೆಯ ಮೇಲಿನ ಭಾರ ಇಳಿದಂತೆನಿಸಿದ್ದು ನಿಜ.

ಪೊಲೀಸರು ಬಂದರು. ಒಬ್ಬ ದಫೇದಾರ, ಇಬ್ಬರು ಪೇದೆಗಳು. ದಫೇದಾರ ನಿವೃತ್ತಿಗೆ ಹತ್ತಿರವಾದವನು, ಮಂಡಿನೋವಿನವನು, ಕೆಟ್ಟವನಲ್ಲ. ಬಂದ ದಿನವೇ ಐವತ್ತು ಮೀಟರ್ ಎಲ್ಲಿಗೆ ಬರುತ್ತದೆ ಎಂದು ನೋಡಬೇಕಾಯಿತು. ಟೇಪಿನ ಒಂದು ತುದಿ ಅವನ ಕೈಯಲ್ಲಿ, ಇನ್ನೊಂದು ಅಳತೆಯಣ್ಣನ ಕೈಯಲ್ಲಿ. ಟೇಪ್ ಸಡಿಲವಾಗಿದೆ, ಇನ್ನೊಂದು ಸಲ ಎಳೀರಿ ಎಂದು ಅಳತೆಯಣ್ಣ ಅವನನ್ನು ಮೂರು ಬಾರಿ ಬೀದಿಯುದ್ದಕ್ಕೂ ಓಡಾಡಿಸಿದ. ಗೆರೆ ಬಿದ್ದಲ್ಲಿ ಬಿಳಿ ಬಣ್ಣ ಬಳಿದರು. ನೀಲಿ ಅಂಗಿಯವರು ಎದ್ದು, ತಮ್ಮ ಚಾಪೆ ಮಡಚಿ, ಗೆರೆಯ ಆಚೆ ಹೋಗಿ ಕೂತರು. ಅಂದು ಮೇಸ್ತ್ರಿ ಅವಳಿಗೆ ಏನನ್ನೂ ಹೇಳಿ ಹೋಗಲಿಲ್ಲ.

ಬೀಗಕ್ಕೆ ಅಂಟು ಸುರಿಯುವುದು ನಿಂತಿತು. ಧಿಕ್ಕಾರ ದೂರದಿಂದ ಕೇಳಿಸುತ್ತಿತ್ತು. ಅಂಗಡಿಯೊಳಗೆ ಮೂವರು ಪೊಲೀಸರು ಮೂರು ಕುರ್ಚಿ ಹಾಕಿಕೊಂಡು, ನಿಲುವುಗನ್ನಡಿಗಳ ನಡುವೆ ಆರು ಜನರಾಗಿ ಕೂತಿರುತ್ತಿದ್ದರು. ಗಿರಾಕಿಗಳು ಮಾತ್ರ ಬರಲಿಲ್ಲ. ಬಡಗಿಗಳೆಲ್ಲ ಅದೇ ಬೀದಿಯ ಸುತ್ತಮುತ್ತ ಬದುಕುವವರು. ಇಪ್ಪತ್ತೆರಡು ಜನರ ಕಣ್ಣೆದುರು ಗೆರೆ ದಾಟಿ, ಪೊಲೀಸರ ಮುಂದೆ ಹಾದು ಬಂದು ಒಂದು ತುಂಡು ಗಾಜು ಕೊಳ್ಳುವ ಎದೆ ಯಾರಿಗಿದ್ದೀತು? ಬಣ್ಣದಂಗಡಿಯವನು ಎದುರಿಗಿದ್ದರೂ ಅವಳ ಕಡೆ ನೋಡುವುದನ್ನು ಬಿಟ್ಟಿದ್ದ. ಹದಿನೈದನೆಯ ದಿನ ದಫೇದಾರನೇ ಬಾಯಿಬಿಟ್ಟ.

"ನಾವಿರೋತನಕ ಇಲ್ಲಿ ಏನೂ ಆಗಲ್ಲಮ್ಮ," ಎಂದ. ಮತ್ತೆ ಖಾಲಿ ಅಂಗಡಿಯನ್ನು ಸುತ್ತ ನೋಡಿ, "ಏನೂ ಅಂದ್ರೆ ಏನೂ. ವ್ಯಾಪಾರಾನೂ ಆಗಲ್ಲ."

ಅಳತೆಯಣ್ಣ ಬಾಯಿ ಮುಚ್ಚಿಕೊಂಡು ನಕ್ಕ. ಅವಳಿಗೂ ನಗು ಬಂತು. ಆ ಅಂಗಡಿಯಲ್ಲಿ ಅವರೆಲ್ಲ ಒಟ್ಟಿಗೆ ನಕ್ಕಿದ್ದು ಅದೇ ಕೊನೆ.

ಉಳಿದಿದ್ದು ಒಂದೇ ದೊಡ್ಡ ಕೆಲಸ, ಹೊಸದಾಗಿ ಕಟ್ಟುತ್ತಿದ್ದ ಚಿಕಿತ್ಸಾಲಯವೊಂದರ ಮುಂಭಾಗದ ಗಾಜು. ಜಗಳಕ್ಕೂ ಮುಂಚೆ ಒಪ್ಪಿಕೊಂಡದ್ದು. ತಿಂಗಳ ಕೊನೆಗೆ ಕೊಡದಿದ್ದರೆ ಬೇರೆಯವರಿಗೆ ಹೋಗುತ್ತಿತ್ತು. ಅದು ಕೈತಪ್ಪಿದರೆ ಇಬ್ಬರು ಕೆಲಸಗಾರರನ್ನು ಇಟ್ಟುಕೊಳ್ಳುವ ದಾರಿಯೇ ಇರಲಿಲ್ಲ. ಅವಳು ಠಾಣೆಗೆ ಆದೇಶದ ಪ್ರತಿ ಹಿಡಿದು ಹೋಗಿ ಕೇಳಿದಳು. ಲಾರಿಯ ಹಿಂದೆ ಜೀಪು ಕಳಿಸುತ್ತೇವೆ ಎಂದರು.

ಲಾರಿ ಬಂದಾಗ ಹನ್ನೊಂದು ಗಂಟೆ. ಒಳ್ಳೆಯ ಬಿಸಿಲು. ಗಾಜು ತರುವ ಲಾರಿಯಲ್ಲಿ ಉದ್ದಕ್ಕೂ ಡೇರೆಯಂತೆ ಎರಡು ಕಡೆ ಇಳಿಜಾರಾದ ಮರದ ಚೌಕಟ್ಟು ಇರುತ್ತದೆ. ಶೀಟುಗಳನ್ನು ಎರಡೂ ಬದಿಯಿಂದ ಅದಕ್ಕೆ ಒರಗಿಸಿ ಅಗಲವಾದ ಬೆಲ್ಟಿನಿಂದ ಬಿಗಿದಿರುತ್ತಾರೆ. ಲಾರಿ ಸಮನೆಲದಲ್ಲಿದ್ದರೆ ಬೆಲ್ಟು ಬಿಚ್ಚಿದರೂ ಶೀಟು ಒರಗಿಯೇ ನಿಲ್ಲುತ್ತದೆ. ಅದಕ್ಕೇ ಗಾಜಿನ ಲಾರಿಯನ್ನು ಯಾವಾಗಲೂ ರಸ್ತೆಯ ನಡುವೆ ನಿಲ್ಲಿಸುತ್ತಿದ್ದರು, ಎಲ್ಲಿ ನಿಲ್ಲಬೇಕೆಂದು ತೋರಿಸುವುದು ಹಮಾಲರದೇ ಕೆಲಸವಾಗಿತ್ತು. ಅಂದು ದಾರಿಗೆ ಅಡ್ಡವಾದರೆ ಇನ್ನಷ್ಟು ಜನ ಸೇರುತ್ತಾರೆಂದು ದಫೇದಾರ ಲಾರಿಯನ್ನು ಅಂಚಿಗೆ ತೆಗೆದುಕೊಳ್ಳಲು ಹೇಳಿದ. ಡ್ರೈವರು ಎಡಕ್ಕೆ ಎಳೆದ. ಎಡಗಡೆಯ ಚಕ್ರಗಳು ಚರಂಡಿಯ ಮೇಲಿನ ಹಾಸುಗಲ್ಲುಗಳ ಮೇಲೆ ಹತ್ತಿ ನಿಂತವು. ಅವುಗಳಲ್ಲೊಂದು ಕಲ್ಲು ಒಳಗಿಂದೊಳಗೇ ಸವೆದು, ಭಾರ ಬಿದ್ದರೆ ಕುಸಿಯುವಂತಾಗಿತ್ತು. ಅದು ಇಪ್ಪತ್ತೆರಡು ಹಮಾಲರಿಗೂ ಗೊತ್ತಿತ್ತು. ಅಂಗಡಿಯವರಿಗೆ ಗೊತ್ತಾಗುವ ಸಂದರ್ಭವೇ ಬಂದಿರಲಿಲ್ಲ.

ಅಳತೆಯಣ್ಣ ಲಾರಿಯ ಸುತ್ತ ಒಂದು ಸುತ್ತು ಬಂದ. ಎರಡನೆಯ ಸುತ್ತಿಗೆ ಹೊರಟಾಗ ದಫೇದಾರ ಗಡಿಯಾರ ನೋಡಿ, ಬೇಗ ಬೇಗ ಎಂದ. ಗಾಜಿನಕ್ಕನೂ ಬೇಗ ಎಂದಳು. ಆ ಹೊತ್ತಿನಲ್ಲಿ ಅವಳು ನೋಡಬೇಕಾಗಿದ್ದು ಲಾರಿಯನ್ನು. ಅವಳ ಕಣ್ಣಿದ್ದದ್ದು ಗೆರೆಯ ಮೇಲೆ. ನೀಲಿ ಅಂಗಿಯವರೆಲ್ಲ ಎದ್ದು ನಿಂತಿದ್ದರು. ಯಾರು ಮೊದಲು ಮುನ್ನುಗ್ಗುತ್ತಾರೋ, ಯಾರ ಕೈಯಲ್ಲಿ ಏನಿದೆಯೋ ಎಂದು ಅವಳು ಒಬ್ಬೊಬ್ಬರನ್ನೇ ನೋಡುತ್ತಿದ್ದಳು. ಅಳತೆಯಣ್ಣ ಎಡಬದಿಯಲ್ಲಿ ನಿಂತು ಬೆಲ್ಟಿನ ಹಿಡಿಗೆ ಕೈಹಾಕಿದ. ಇನ್ನೊಂದು ತುದಿಯಲ್ಲಿ ಅವನ ಭಾವಮೈದ.

ಆಗ ಗೆರೆಯ ಆಚೆಯಿಂದ ಮೇಸ್ತ್ರಿಯ ದನಿ ಬಂತು. "ಅತ್ತಿಗೆ, ಬೇಡ. ಬೆಲ್ಟ್ ಬಿಚ್ಚಿಸಬೇಡಿ."

ನಾಲ್ಕು ತಿಂಗಳಿಂದ ಆ ಬಾಯಿಂದ ಅವಳು ಕೇಳಿದ್ದೆಲ್ಲ ಬೇಡ ಎಂಬ ಮಾತೇ. ಅಳತೆಯಣ್ಣನಿಗೂ ಕೇಳಿಸಿತು. ಹಿಡಿಯ ಮೇಲೆ ಕೈಯಿಟ್ಟುಕೊಂಡೇ ಅವನು ತಿರುಗಿ ಅವಳ ಮುಖ ನೋಡಿದ.

"ನೀನು ಬಿಚ್ಚಣ್ಣ," ಎಂದಳು. "ಅವರದ್ದು ಇದ್ದದ್ದೇ."

ಮೇಸ್ತ್ರಿ ಗೆರೆ ದಾಟಿ ಓಡಿಬಂದ. ಓಡುತ್ತ, "ಕಲ್ಲು, ಕಲ್ಲು" ಎಂದು ಕೂಗುತ್ತಿದ್ದ. ಪೇದೆಗಳಿಗೆ ಕಲ್ಲು ಎಂದರೆ ಒಂದೇ ಅರ್ಥ. ಒಬ್ಬ ಅವನ ಕುತ್ತಿಗೆಪಟ್ಟಿ ಹಿಡಿದ, ಇನ್ನೊಬ್ಬ ಲಾಠಿ ಬೀಸಿದ. ಪೆಟ್ಟು ತಡೆಯಲು ಎತ್ತಿದ ಬಲಗೈಯ ಮಣಿಕಟ್ಟಿನ ಮೇಲೆ ಅದು ಬಿತ್ತು. ಅವನು ನೆಲಕ್ಕೆ ಬಿದ್ದೂ ಲಾರಿಯ ಚಕ್ರದ ಕಡೆ ಕೈ ತೋರಿಸುತ್ತಿದ್ದ. ಗಾಜಿನಕ್ಕ ಆ ಕೈ ಹೋದತ್ತ ತಿರುಗಿದಳು. ಆಗ ಅವಳಿಗೆ ಕಂಡಿತು. ಲಾರಿ ಎಡಕ್ಕೆ ವಾಲಿತ್ತು, ಶೀಟುಗಳು ಒರಗಿರಲಿಲ್ಲ, ನೆಟ್ಟಗೆ ನಿಂತಿದ್ದವು. ಬೆಲ್ಟು ಬಿಚ್ಚಿಯಾಗಿತ್ತು.

ಸದ್ದು ಅವಳು ಎಣಿಸಿದಷ್ಟು ದೊಡ್ಡದಾಗಿರಲಿಲ್ಲ. ಮೊದಲು ದಪ್ಪ ಪುಸ್ತಕ ಮಗುಚಿದಂತೆ ಒಂದು, ಆಮೇಲೆ ಚೂರುಗಳು ಉದುರುವುದು. ಭಾವಮೈದ ಹಾರಿಕೊಂಡಿದ್ದ. ಅಳತೆಯಣ್ಣನ ಹಿಂದೆ ಅಂಗಡಿಯ ಗೋಡೆಯಿತ್ತು, ಹಾರಲು ಜಾಗವಿರಲಿಲ್ಲ.

ಗೆರೆ ದಾಟಿ ಎಲ್ಲರೂ ಓಡಿಬಂದರು. ಯಾವ ಪೊಲೀಸನೂ ತಡೆಯಲಿಲ್ಲ. ಕೈಗವಸು ಹಾಕಿಕೊಳ್ಳಲೂ ನಿಲ್ಲದೆ ಬರಿಗೈಯಲ್ಲಿ ಗಾಜು ಎತ್ತಿದರು, ಅವರ ಅಂಗೈಗಳೆಲ್ಲ ಕೆಂಪಾದವು. ಅವನನ್ನು ಹೊರತೆಗೆದಾಗ ಉಸಿರಿತ್ತು. ಆಸ್ಪತ್ರೆಯ ಬಾಗಿಲಿಗೆ ಬರುವಷ್ಟರಲ್ಲಿ ಇರಲಿಲ್ಲ.

ಅಂದೇ ಸಂಜೆ ಠಾಣೆಯಲ್ಲಿ ಕೇಸು ತಯಾರಾಯಿತು. ಕೋರ್ಟಿನ ಆದೇಶ ಮೀರಿ, ಗುಂಪು ಕಟ್ಟಿಕೊಂಡು, ಕಲ್ಲು ಎಂದು ಬೆದರಿಸುತ್ತ ಮೇಸ್ತ್ರಿ ನುಗ್ಗಿದ. ಆ ಗಲಾಟೆಯಿಂದ ಗಾಬರಿಗೊಂಡ ಕೆಲಸಗಾರನ ಕೈತಪ್ಪಿ ಗಾಜು ಬಿತ್ತು. ಸಾವಿಗೆ ಮೇಸ್ತ್ರಿಯೇ ಹೊಣೆ. ಮುರಿದ ಮಣಿಕಟ್ಟಿಗೆ ಒಂದು ಬಟ್ಟೆ ಸುತ್ತಿ ಅವನನ್ನು ಒಳಗೆ ಹಾಕಿದರು. ಗಾಜಿನಕ್ಕನ ಸಹಿ ಮಾತ್ರ ಬಾಕಿಯಿತ್ತು. ನಾಳೆ ಬರುತ್ತೇನೆ ಎಂದು ಅವಳು ಎದ್ದು ಬಂದಳು.

ವಕೀಲರು ಮನೆಗೇ ಬಂದರು. ಅವರು ಹೇಳಿದ್ದು ಸುತ್ತಿಬಳಸಿದ ಮಾತಲ್ಲ. ಆ ಕಾಗದಕ್ಕೆ ಸಹಿ ಹಾಕಿದರೆ ಎಲ್ಲವೂ ಸಂಘದ ತಲೆಗೆ ಹೋಗುತ್ತದೆ. ಹಾಕದೆ ಬೇರೇನಾದರೂ ಹೇಳಿದರೆ ಲಾರಿ ವಾಲಿದ್ದು, ಬೆಲ್ಟು ಬಿಚ್ಚಿಸಿದ್ದು ಎಲ್ಲ ಹೊರಗೆ ಬಂದು ಅವಳದೇ ಕೊರಳಿಗೆ ಸುತ್ತಿಕೊಳ್ಳುತ್ತದೆ. ನೀವೇನೂ ಸುಳ್ಳು ಹೇಳಬೇಕಾಗಿಲ್ಲ, ಸುಮ್ಮನೆ ಇದ್ದರೆ ಸಾಕು ಎಂದರು. ಮಗಳೂ ತಾಯಿಯ ಕೈ ಹಿಡಿದುಕೊಂಡು ಅದನ್ನೇ ಹೇಳಿದಳು.

ಬೆಳಿಗ್ಗೆ ಠಾಣೆಗೆ ಹೋಗುವ ಮೊದಲು ಅವಳು ಅಳತೆಯಣ್ಣನ ಮನೆಗೆ ಹೋದಳು. ಎರಡು ಕೋಣೆಯ ಮನೆ. ಹಿಂದಿನ ದಿನದಿಂದ ಬಂದುಹೋದವರ ಚಪ್ಪಲಿಗಳ ಮಣ್ಣು ಹೊಸಿಲಲ್ಲಿ ಹಾಗೆಯೇ ಇತ್ತು. ಅಳತೆಯಣ್ಣನ ಹೆಂಡತಿ ಗೋಡೆಗೆ ಒರಗಿ ಕೂತಿದ್ದಳು. ಅತ್ತು ಮುಗಿದ ಮುಖ. ಅವಳ ತಮ್ಮ ಗಾಜಿನಕ್ಕನನ್ನು ಕಂಡು ಎದ್ದು ಹೊರಗೆ ಹೋದ. ಅವನು ಅಕ್ಕನಿಗೆ ಎಲ್ಲವನ್ನೂ ಹೇಳಿದ್ದಾನೆ ಎಂದು ಅವನ ನಡಿಗೆಯಲ್ಲೇ ತಿಳಿಯಿತು.

ಗಾಜಿನಕ್ಕ ಎದುರಿಗೆ ನೆಲದ ಮೇಲೆ ಕೂತಳು. ಆಮೇಲೆ ಆ ಹೆಂಗಸು ಒಂದೇ ಮಾತು ಕೇಳಿದಳು.

"ಮೇಸ್ತ್ರಿ ಕೂಗಿದ್ದು ನಿಮಗೆ ಕೇಳಿಸ್ತಾ ಅಕ್ಕ?"

"ಕೇಳಿಸ್ತು."

"ಇವರು ನಿಮ್ಮ ಮುಖ ನೋಡಿದ್ರಂತೆ."

"ಹೌದು. ಬಿಚ್ಚು ಅಂದೆ."

ಆ ಹೆಂಗಸು ತಲೆಯಾಡಿಸಿದಳು. ಶಪಿಸಲಿಲ್ಲ, ಎದೆ ಬಡಿದುಕೊಳ್ಳಲಿಲ್ಲ. "ಮೂರು ಸಲ ನೋಡ್ದೆ ಯಾವ್ದನ್ನೂ ಮಾಡ್ತಿರ್ಲಿಲ್ಲ ನಮ್ಮನೆಯವರು," ಎಂದಳು. "ನೀವು ಹೋಗಿ ಅಕ್ಕ. ಇನ್ಮೇಲೆ ಬರಬೇಡಿ."

ಠಾಣೆಯಲ್ಲಿ ಇನ್‌ಸ್ಪೆಕ್ಟರು ಬರೆದಿಟ್ಟ ಹೇಳಿಕೆಯನ್ನು ಅವಳ ಮುಂದೆ ಸರಿಸಿ, ಪೆನ್ನು ಕೊಟ್ಟರು. ಅವಳು ಪೆನ್ನು ಮುಟ್ಟಲಿಲ್ಲ. ಮೇಸ್ತ್ರಿ ನುಗ್ಗಿದ್ದಲ್ಲ, ಎಚ್ಚರಿಸಲು ಬಂದದ್ದು. ಕಲ್ಲು ಎಂದದ್ದು ಚರಂಡಿಯ ಹಾಸುಗಲ್ಲಿಗೆ. ಲಾರಿಯನ್ನು ಅಲ್ಲಿ ನಿಲ್ಲಿಸಲು ಹೇಳಿದ್ದು ದಫೇದಾರರು. ಬಿಚ್ಚು ಎಂದವಳು ನಾನು. ಇಷ್ಟನ್ನೂ ನಿಂತುಕೊಂಡೇ ಹೇಳಿದಳು.

ಇನ್‌ಸ್ಪೆಕ್ಟರು ಅವಳನ್ನು ವಿಚಿತ್ರವಾಗಿ ನೋಡಿದರು. "ಅಮ್ಮಾ, ಈ ಹೆಸರು ಹೊಡೆದು ಹಾಕೋದು ಕಷ್ಟವಲ್ಲ. ಆದ್ರೆ ಖಾಲಿ ಬಿಡಕ್ಕಾಗಲ್ಲ. ಆ ಜಾಗಕ್ಕೆ ನಿಮ್ಮ ಹೆಸರು ಬರುತ್ತೆ."

"ಬರೀರಿ," ಎಂದಳು.

ಮೇಸ್ತ್ರಿ ಹೊರಗೆ ಬರಲು ಅದಾದ ಮೇಲೂ ಹತ್ತೊಂಬತ್ತು ದಿನ ಹಿಡಿಯಿತು. ಸಮಯಕ್ಕೆ ಸರಿಯಾಗಿ ಕಟ್ಟದ ಮೂಳೆ ಸೊಟ್ಟಗೆ ಕೂಡಿಕೊಂಡಿತ್ತು. ಆ ಕೈಯಿಂದ ಮತ್ತೆ ಮೂಟೆ ಎತ್ತಲಾಗಲಿಲ್ಲ. ಸಂಘಕ್ಕೆ ಬೇರೆ ಮೇಸ್ತ್ರಿ ಬಂದ, ಇವನು ತಗಡಿನ ಮಾಡಿನ ಕೆಳಗೆ ಕೂತು ಯಾರ ಸರದಿ ಯಾವಾಗ ಎಂದು ಎಡಗೈಯಲ್ಲಿ ಬರೆಯುವವನಾದ. ದಫೇದಾರನ ಮೇಲೆ ವಿಚಾರಣೆ ನಡೆಯಿತು, ತಪ್ಪೇನೂ ಕಾಣಲಿಲ್ಲವೆಂದು ಮುಗಿಯಿತು. ಅವನು ನಿವೃತ್ತನಾದ. ಕೂಲಿಯ ತಕರಾರನ್ನು ಕೇಳಲು ಕಾರ್ಮಿಕ ಅಧಿಕಾರಿ ಎರಡು ಸಲ ದಿನ ಗೊತ್ತುಮಾಡಿದರು. ಎರಡೂ ಕಡೆಯವರು ಹೋಗಲಿಲ್ಲ, ಕಡತ ಮುಚ್ಚಿತು. ಪೊಲೀಸರು ಯಾವತ್ತು ಕುರ್ಚಿ ಬಿಟ್ಟು ಹೋದರು ಎನ್ನುವುದು ಅವಳಿಗೂ ಸರಿಯಾಗಿ ನೆನಪಿಲ್ಲ. ಕಾಯುವಂಥದ್ದೇನೂ ಅಲ್ಲಿ ಉಳಿದಿರಲಿಲ್ಲ.

ಅವಳು ಅಂಗಡಿ ಮಾರಿ, ಬಂದದ್ದನ್ನು ವಕೀಲರ ಮೂಲಕ ಅಳತೆಯಣ್ಣನ ಹೆಂಡತಿಗೆ ತಲುಪಿಸಿದಳು. ಆ ಹೆಂಗಸು ಅದನ್ನು ತೆಗೆದುಕೊಂಡಳು, ತಮ್ಮನ ಸಂಸಾರದೊಡನೆ ಬೇರೆ ಊರಿಗೆ ಹೋದಳು. ಗಾಜಿನ ಅಂಗಡಿಯಿದ್ದಲ್ಲಿ ಈಗ ಹಾಸಿಗೆ ಮಾರುತ್ತಾರೆ. ಲಾರಿ ಬಂದರೆ ಹಮಾಲರೇ ಇಳಿಸುತ್ತಾರೆ.

ಅವಳ ಮೇಲಿನ ಕೇಸು ಮೂರು ವರ್ಷ ನಡೆಯಿತು. ನಿರ್ಲಕ್ಷ್ಯದಿಂದ ಒಬ್ಬನ ಸಾವಿಗೆ ಕಾರಣಳಾದಳು ಎಂಬುದು ಆರೋಪ. ಸಾಕ್ಷಿ ಹೇಳಲು ಮೇಸ್ತ್ರಿಯನ್ನು ಕರೆಸಿದ್ದರು. ಸರ್ಕಾರಿ ವಕೀಲರು, ನೀನು ಕೂಗಿದ್ದು ಈಕೆಗೆ ಕೇಳಿಸಿತ್ತೇ ಎಂದು ಕೇಳಿದರು. ಅವನು ಸೊಟ್ಟ ಕೈಯನ್ನು ಕಟಕಟೆಯ ಮೇಲಿಟ್ಟುಕೊಂಡು, ಅಲ್ಲಿ ತುಂಬ ಗಲಾಟೆ ಇತ್ತು ಸ್ವಾಮಿ, ಕೇಳಿಸಿರಲಾರದು ಎಂದ. ಅವಳು ಅವನನ್ನೇ ನೋಡಿದಳು. ಅವನು ಈ ಕಡೆ ತಿರುಗದೆ ಇಳಿದು ಹೋದ.

ತೀರ್ಪಿನ ದಿನ ಬೆಳಿಗ್ಗೆ ಹನ್ನೊಂದೂವರೆಗೆ ನ್ಯಾಯಾಧೀಶರು ಓದಿ ಹೇಳಿದರು. ತಪ್ಪು ಸಾಬೀತಾಗಿದೆ. ಆದರೆ ಆಕೆ ಮೊದಲಿನಿಂದಲೂ ನಿಜವನ್ನೇ ಹೇಳಿದ್ದಾಳೆ, ತನ್ನದೆಲ್ಲವನ್ನೂ ಸತ್ತವನ ಮನೆಗೆ ಕೊಟ್ಟಿದ್ದಾಳೆ. ಆದ್ದರಿಂದ ಒಂದಿಷ್ಟು ದಂಡ, ಜೊತೆಗೆ ಅಂದು ಕೋರ್ಟು ಏಳುವವರೆಗೆ ಅಲ್ಲೇ ಕೂತಿರುವ ಶಿಕ್ಷೆ. ಮಗಳು ಬಿಕ್ಕಿ ಬಿಕ್ಕಿ ಅತ್ತಳು, ಸಮಾಧಾನದ ಅಳು. ವಕೀಲರು ಮತ್ತೆ, ಗೆದ್ದ ಹಾಗೆಯೇ ಎಂದರು.

ಅವಳು ಗೋಡೆಯ ಪಕ್ಕದ ಬೆಂಚಿನ ಮೇಲೆ ಕೂತಳು. ಮುಂದೆ ಬೇರೆಯವರ ಕೇಸುಗಳು ನಡೆದವು, ಒಬ್ಬನ ಹೊಲದ ದಾರಿ, ಒಬ್ಬಳ ಜೀವನಾಂಶ, ಒಂದು ಕಳುವು. ಮಧ್ಯಾಹ್ನ ಊಟಕ್ಕೆ ಎಲ್ಲರೂ ಎದ್ದುಹೋದಾಗಲೂ ಅವಳು ಏಳುವಂತಿರಲಿಲ್ಲ. ಮಗಳು ಬಾಗಿಲಿನಾಚೆಯಿಂದ ನೀರಿನ ಬಾಟಲಿ ತೋರಿಸಿದಳು. ಅವಳು ಬೇಡವೆಂದು ತಲೆಯಾಡಿಸಿದಳು. ಐದಕ್ಕೆ ನ್ಯಾಯಾಧೀಶರು ಎದ್ದರು, ಎಲ್ಲರೂ ಎದ್ದು ನಿಂತರು, ಅವರು ಒಳಗೆ ಹೋದರು. ಕೋಣೆ ಖಾಲಿಯಾಯಿತು. ಫ್ಯಾನುಗಳನ್ನು ಆರಿಸುತ್ತ ಬಂದ ಜವಾನ ಅವಳನ್ನು ನೋಡಿ, ಆಯಿತಲ್ಲ ಎಂದ.

"ಇಷ್ಟೇನಾ?" ಎಂದು ಕೇಳಿದಳು.

ಅವನು ಅವಳಿಗೆ ಸಂತೋಷವಾಗಿದೆ ಎಂದುಕೊಂಡ. "ಇಷ್ಟೇ ಅಮ್ಮಾ. ಮುಗೀತು, ಆರಾಮಾಗಿ ಮನೆಗೆ ಹೋಗಿ."

ಮಗಳು ಬಂದು ಅವಳ ಚೀಲ ತೆಗೆದುಕೊಂಡಳು. ಇಬ್ಬರೂ ಬಸ್ಸಿನಲ್ಲಿ ಮನೆಗೆ ಬಂದರು. ಮರುದಿನ ಬೆಳಿಗ್ಗೆ ಎಂಟಕ್ಕೆ ಅವಳು ಊರಿನ ಇನ್ನೊಂದು ತುದಿಯಲ್ಲಿರುವ ಫೋಟೋ ಫ್ರೇಮಿನ ಅಂಗಡಿಗೆ ಹೋದಳು. ಅಲ್ಲಿ ದಿನಗೂಲಿಗೆ ಗಾಜು ಕೊಯ್ಯುತ್ತಾಳೆ. ಅಂಗೈಯಗಲದ ತುಂಡುಗಳು, ಹೆಚ್ಚೆಂದರೆ ಮೊಳದುದ್ದ. ಅಲ್ಲಿ ಅವಳನ್ನು ಯಾರೂ ಗಾಜಿನಕ್ಕ ಎನ್ನುವುದಿಲ್ಲ. ಎಲ್ಲಿಂದ ಬಂದವಳು ಎಂದು ಮಾಲೀಕ ಕೇಳಿಲ್ಲ, ಅವಳೂ ಹೇಳಿಲ್ಲ.